ಹೂವಮ್ಮನ ಗದ್ದೆಗೆ ಮುಯ್ಯಾಳು

ನನ್ನ ಗಂಡನನ್ನು ಕಂಡರೆ ನನಗೆ ಹೊಟ್ಟೆಕಿಚ್ಚು. ಸುತ್ತಿ ಬಳಸಿ ಹೇಳುವುದಿಲ್ಲ. ಬೇರೆ ಹೆಂಗಸರಿಗೆ ಗಂಡ ಕುಡಿದು ಬಂದನೆಂದು ಸಿಟ್ಟು, ಇನ್ನೊಬ್ಬಳ ಮನೆ ಹೊಕ್ಕನೆಂದು ಸಂಕಟ. ನನಗೆ ಅವನು ಓದಿ ಬಂದನೆಂದು ಹೊಟ್ಟೆ ಉರಿಯುತ್ತದೆ. ಅದೂ ಜೈಲಿನಲ್ಲಿ ಕೂತು ಓದಿ ಬಂದ.

ನಮ್ಮ ಕಡೆ ಹೆಂಗಸರು ಗಂಡನ ಹೆಸರು ಹೇಳುವುದಿಲ್ಲ. ನಾನು ಹೇಳುತ್ತೇನೆ. ಉಮೇಶ್. ಒಳಗೆ ಹೋಗುವಾಗ ಎಸ್ಸೆಸ್ಸೆಲ್ಸಿ ಫೇಲು. ಹೊರಗೆ ಬರುವಾಗ ಬಿ.ಎ. ಈಗ ಎಂ.ಎ.ಗೆ ಕಟ್ಟಿದ್ದಾನೆ. ಸಾಗರದ ಕಾಲೇಜಿನವರು ಕರೆಸಿ ಭಾಷಣ ಮಾಡಿಸಿದರು. ಹೊಸನಗರದಲ್ಲಿ ಶಾಲು ಹೊದಿಸಿದರು. ಪೇಪರಿನಲ್ಲಿ ದೊಡ್ಡದಾಗಿ ಫೋಟೋ ಬಂತು. ಆ ಪೇಪರನ್ನು ನಾನು ಒಲೆ ಹೊತ್ತಿಸಲು ಬಳಸಿದೆ. ನನ್ನ ಅತ್ತೆ ಕನ್ನಮ್ಮ ಇನ್ನೊಂದು ಪ್ರತಿ ತರಿಸಿ, ಕಟ್ಟು ಹಾಕಿಸಿ, ಗೋಡೆಗೆ ತೂಗುಹಾಕಿದರು.

ನನ್ನ ಹೆಸರು ತನುಜಾ. ಹುಂಚದಿಂದ ಸ್ವಲ್ಪ ಒಳಗೆ ನಮ್ಮೂರು. ಓದಿನಲ್ಲಿ ನಾನು ಮುಂದಿದ್ದೆ. ಸೆಕೆಂಡ್ ಪಿಯುಸಿಯಲ್ಲಿರುವಾಗ ಮದುವೆ ಮಾಡಿದರು. ಮದುವೆಯಾದ ಮೇಲೂ ಓದಬಹುದು ಎಂದು ಹುಡುಗನ ಕಡೆಯವರು ಹೇಳಿದ್ದರು. ಹುಡುಗನ ಕಡೆಯವರು ಹೇಳುವುದೇ ಹಾಗೆ. ಪರೀಕ್ಷೆಯ ಹೊತ್ತಿಗೆ ನಾನು ಬಸುರಿ. ಮಗಳು ಹುಟ್ಟಿ ಇನ್ನೂ ಎದೆಹಾಲು ಕುಡಿಯುತ್ತಿದ್ದಾಗ ಉಮೇಶ್ ಜೈಲಿಗೆ ಹೋದ.

ಎಂತಕ್ಕೆ ಹೋದ ಎನ್ನುವುದನ್ನೂ ಹೇಳಬೇಕು. ಕೆರೆಯ ನೀರು ಗದ್ದೆಗೆ ತಿರುಗಿಸುವ ಜಗಳ. ಪಕ್ಕದ ಗದ್ದೆಯ ಜಯಪ್ಪಣ್ಣ ಬೈದ. ಇವನು ಗುದ್ದಲಿಯ ಕಾವಿನಲ್ಲಿ ತಲೆಗೆ ಹೊಡೆದ. ಜಯಪ್ಪಣ್ಣ ಆಸ್ಪತ್ರೆಯಲ್ಲಿ ಸತ್ತ. ಕೊಲ್ಲುವ ಉದ್ದೇಶ ಇರಲಿಲ್ಲ ಎಂದು ಕೋರ್ಟು ಹೇಳಿತು. ಶಿಕ್ಷೆ ಹತ್ತು ವರ್ಷ. ಜಯಪ್ಪಣ್ಣನ ಹೆಂಡತಿ ಹೂವಮ್ಮನಿಗೆ ಕೋರ್ಟು ಏನು ಹೇಳಿದರೂ ಒಂದೇ. ಅವಳ ಗಂಡ ಇರಲಿಲ್ಲ.

ಜೈಲಿನಲ್ಲಿ ಓದಿಸುತ್ತಾರೆ ಎಂದು ಉಮೇಶ್ ಹೇಳಿದಾಗ ನನಗೆ ಖುಷಿಯಾಯಿತು. ಆಮೇಲೆ ಪುಸ್ತಕ ತಾ ಎಂದ. ರಿಪ್ಪನ್‌ಪೇಟೆಯ ಮೇಷ್ಟ್ರೊಬ್ಬರು ಹಳೆಯ ಪುಸ್ತಕ, ಗೈಡು ಕೊಡುತ್ತಿದ್ದರು. ಬಸ್ಸಿನಲ್ಲಿ ಕಿಟಕಿ ಪಕ್ಕ ಕೂತು ತೊಡೆಯ ಮೇಲೆ ಪುಸ್ತಕ ಬಿಡಿಸುತ್ತಿದ್ದೆ. ಶಿವಮೊಗ್ಗ ಮುಟ್ಟುವವರೆಗೆ ಓದುತ್ತಿದ್ದೆ. ಅರ್ಧ ಪುಸ್ತಕಕ್ಕೆ ಜೈಲಿನ ಗೇಟು ಬರುತ್ತಿತ್ತು. ಗೇಟಿನವರು ಹಾಳೆ ಹಾಳೆ ಜಾಡಿಸಿ ನೋಡಿ ಒಳಗೆ ಕಳಿಸುತ್ತಿದ್ದರು. ನಾನು ಹೊರಗೆ. ಉಳಿದ ಅರ್ಧದಲ್ಲಿ ಏನಿತ್ತೋ ಉಮೇಶನಿಗೆ ಗೊತ್ತು. ವಾಪಸು ಬರುವಾಗ ತೊಡೆಯ ಮೇಲೆ ಬರಿಯ ಚೀಲ.

ಮಾತಾಡಲು ಬಿಟ್ಟಾಗ ಅವನು ಓದಿದ್ದನ್ನೇ ಹೇಳುತ್ತಿದ್ದ. ಸಂಜೆ ಲೈಬ್ರರಿಯಲ್ಲಿ ಎಷ್ಟು ನಿಶ್ಶಬ್ದ ಗೊತ್ತಾ ತನುಜಾ, ಎಂದ ಒಮ್ಮೆ. ನಾನು ಅವನ ಕೈ ನೋಡುತ್ತಿದ್ದೆ. ಬೆರಳು ಮೆತ್ತಗಾಗಿದ್ದವು. ಉಗುರು ಬೆಳ್ಳಗಿದ್ದವು. ನನ್ನ ಕೈಯನ್ನು ಸೆರಗಿನೊಳಗೆ ಇಟ್ಟುಕೊಂಡೆ. ಬೇರೆ ಯಾರೋ ಬೇಯಿಸಿದ ಅನ್ನ. ಸೋರದ ಸೂರು. ಓದು ಎಂದು ಹೇಳುವ ಜನ. ಇದಕ್ಕೆ ನಾನೂ ಯಾರದ್ದಾದರೂ ತಲೆಗೆ ಹೊಡೆಯಬೇಕಿತ್ತೇನೋ ಎಂದು ಬಸ್ಸಿನಲ್ಲಿ ಕೂತು ಯೋಚಿಸಿದ್ದೇನೆ. ಜೈಲು ಜೈಲೇ, ಗೊತ್ತು. ಅವನು ಅಲ್ಲಿ ಅತ್ತದ್ದೂ ಗೊತ್ತು. ಆದರೂ ಹೊಟ್ಟೆ ಉರಿಯುವುದು ನಿಲ್ಲಲಿಲ್ಲ.

ಹೊರಗೆ ಏನು ನಡೆಯುತ್ತಿತ್ತು ಎಂದು ಅವನ ಭಾಷಣದಲ್ಲಿ ಬರುವುದಿಲ್ಲ. ನಾನು ಹೇಳುತ್ತೇನೆ.

ನಮ್ಮೂರಲ್ಲಿ ಗದ್ದೆ ಕೆಲಸಕ್ಕೆ ಕೂಲಿಯವರು ಸಿಗುವುದಿಲ್ಲ. ಅಜ್ಜಂದಿರು ಗೇಣಿಗೆ ಮಾಡುತ್ತಿದ್ದ ಗದ್ದೆ ಅಪ್ಪಂದಿರ ಕಾಲಕ್ಕೆ ಸ್ವಂತವಾಯಿತು, ಪದ್ಧತಿ ಮಾತ್ರ ಹಳೆಯದೇ ಉಳಿಯಿತು. ಮುಯ್ಯಾಳು. ಇವತ್ತು ನೀನು ನನ್ನ ಗದ್ದೆಗೆ ಬಾ, ನಾಳೆ ನಾನು ನಿನ್ನ ಗದ್ದೆಗೆ ಬರುತ್ತೇನೆ. ಬಂದ ದಿನವನ್ನು ತಿರುಗಿ ಕೊಡಲೇಬೇಕು. ಜ್ವರ ಬಂದರೆ ಬದಲಿಯವರನ್ನು ಕಳಿಸಬೇಕು. ಮುಯ್ಯಿ ತಪ್ಪಿಸಿದ ಮನೆಗೆ ಮತ್ತೆ ಯಾರೂ ಕಾಲಿಡುವುದಿಲ್ಲ.

ಕೇಳಲು ಚೆಂದ. ಒಳಗೆ ಒಂದು ಹುಳುಕಿದೆ. ಒಂದು ಗಂಡಾಳಿಗೆ ಎರಡು ಹೆಣ್ಣಾಳು ಸಮ. ಒಬ್ಬ ಗಂಡಸು ಬಂದು ನಮ್ಮ ಗದ್ದೆಗೆ ಒಂದು ದಿನ ಟಿಲ್ಲರ್ ಹೊಡೆದರೆ ನಾನು ಅವನ ಗದ್ದೆಯಲ್ಲಿ ಎರಡು ದಿನ ಬಗ್ಗಬೇಕು. ಅವನು ಮಿಷನ್ನಿನ ಹಿಂದೆ ಬೀಡಿ ಸೇದುತ್ತ ನಡೆಯುತ್ತಾನೆ. ನಾನು ಸೊಂಟ ಮುರಿದು ಸಸಿ ನೆಡುತ್ತೇನೆ. ಆದರೂ ನನ್ನ ದಿನ ಅರ್ಧ. ಯಾರು ಮಾಡಿದರು ಈ ಲೆಕ್ಕ ಎಂದು ಕೇಳಿದರೆ ಊರು ನಗುತ್ತದೆ.

ಉಮೇಶ್ ಒಳಗೆ ಹೋದ ವರ್ಷ ನಮ್ಮ ಮನೆಗೆ ಯಾರೂ ಮುಯ್ಯಾಳು ಬರಲಿಲ್ಲ. ಗಂಡಸಿಲ್ಲದ ಮನೆ, ತಿರುಗಿ ಕೊಡುವುದು ಯಾರು ಎಂದರು. ಅದೇ ಮಾತನ್ನು ಹೂವಮ್ಮನ ಮನೆಗೂ ಹೇಳಿದರು. ಕೊಂದವನ ಹೆಂಡತಿಗೂ ಸತ್ತವನ ಹೆಂಡತಿಗೂ ಊರು ಒಂದೇ ನ್ಯಾಯ ಮಾಡಿತು.

ಸಸಿ ಬಲಿತು ಹಳದಿ ಬರುತ್ತಿತ್ತು. ಒಂದು ಬೆಳಿಗ್ಗೆ ಹೂವಮ್ಮ ನಮ್ಮ ಗದ್ದೆಯ ಅಂಚಿನ ಮೇಲೆ ಬಂದು ನಿಂತಳು. ಬೈಯಲು ಬಂದಳೆಂದು ತಲೆ ತಗ್ಗಿಸಿದೆ.

"ನಂಗೂ ಆಳಿಲ್ಲ, ನಿಂಗೂ ಆಳಿಲ್ಲ," ಎಂದಳು. "ಸಸಿ ಮುದಿಯಾಗ್ತಾ ಉಂಟು. ಬತ್ತೀಯಾ?"

ಹೋದೆ. ಅವಳು ಬಂದಳು. ಆ ನಾಟಿ ಮುಗಿಯುವವರೆಗೆ ನಾವಿಬ್ಬರೂ ಮಾತಾಡಲಿಲ್ಲ. ಮಾತಾಡುವಂಥದ್ದು ಏನಿತ್ತು? ಮಳೆ ತಡೆಯಲು ತಲೆಯಿಂದ ಬೆನ್ನಿಗೆ ಪ್ಲಾಸ್ಟಿಕ್ ಕೊಪ್ಪೆ ಹೊದ್ದು, ಪಕ್ಕಪಕ್ಕ ಬಗ್ಗಿ, ಹಿಂದೆ ಹಿಂದೆ ಹೆಜ್ಜೆ ಇಡುತ್ತ ನೆಟ್ಟೆವು. ಉಂಬಳ ಕಾಲಿಗೆ ಹತ್ತಿ ರಕ್ತ ಕುಡಿದು ತಾನೇ ಉದುರುತ್ತಿತ್ತು. ಬೆರಳಿನ ಸಂದಿಗಳಲ್ಲಿ ಕೆಸರುಹುಣ್ಣು. ಮುಂದಿನ ವರ್ಷ ಅವಳೇ ಮೊದಲು ಮಾತಾಡಿದಳು. ಎಲೆ ಅಡಿಕೆ ಚೀಲ ಚಾಚಿ, ಹಾಕ್ತೀಯಾ, ಎಂದಳು. ಆಮೇಲೆ ನಾನು ಅವಳನ್ನು ಹೂವಮ್ಮಕ್ಕ ಎಂದೆ. ಬಾಯಿ ತುಂಬಾ ಎಲೆ ಅಡಿಕೆ ಇದ್ದರೆ ಬೇರೆ ಮಾತು ಬೇಕಾಗುವುದಿಲ್ಲ. ಹೀಗೆ ನಡೆಯಿತು, ಉಮೇಶ್ ಬಿ.ಎ. ಮುಗಿಸುವವರೆಗೆ, ಆಮೇಲೂ. ಬರಬರುತ್ತ ಬೇರೆ ಹೆಂಗಸರೂ ಸೇರಿಕೊಂಡರು.

ಅವನು ನಡತೆ ಚೆನ್ನಾಗಿದೆಯೆಂದು ಸ್ವಲ್ಪ ಮುಂಚೆಯೇ ಬಿಡುಗಡೆಯಾಗಿ ಬಂದ. ಮಗಳು ಅಷ್ಟರಲ್ಲಿ ಸರ್ಕಾರಿ ಹಾಸ್ಟೆಲ್ಲಿನಲ್ಲಿ ಓದುತ್ತಿದ್ದಳು. ಈಗ ನನ್ನ ಸರದಿ ಎಂದುಕೊಂಡೆ. ಅರ್ಧಕ್ಕೆ ಬಿಟ್ಟ ಪಿಯುಸಿಯನ್ನು ಖಾಸಗಿಯಾಗಿ ಕಟ್ಟಿದೆ. ಉಮೇಶ್ ಬೇಡ ಎನ್ನಲಿಲ್ಲ. ಓದು, ಓದು, ಎಂದ. ಸ್ಟೇಜಿನ ಮೇಲಿಂದ ಹುಡುಗರಿಗೆ ಹೇಳುವ ದನಿಯಲ್ಲೇ ಹೇಳಿದ.

ಮಾರ್ಚಿನಲ್ಲಿ ಉಳಿದ ಪರೀಕ್ಷೆಗಳನ್ನೆಲ್ಲ ಬರೆದೆ. ಇಂಗ್ಲಿಷ್ ಪರೀಕ್ಷೆಯ ದಿನ ಬೆಳಿಗ್ಗೆ ಬಸ್ಸಿಗೆ ಹೊರಟು ನಿಂತಿದ್ದೆ. ಅಂಗಳಕ್ಕೆ ಕಾರು ಬಂತು. ತೀರ್ಥಹಳ್ಳಿಯಲ್ಲಿ ಟ್ಯುಟೋರಿಯಲ್ ನಡೆಸುವ ಪೂರ್ಣೇಶ್ ಇಳಿದರು. ಜೊತೆಗೆ ಪೇಪರಿನವರು. ಉಮೇಶನ ಸಂದರ್ಶನ, ಮನೆ, ಗದ್ದೆ ಎಲ್ಲ ಫೋಟೋ ಬೇಕಂತೆ.

"ಮನೆಗೆ ಬಂದೋರು ಒಂದು ಲೋಟ ಕಾಫಿ ಕೊಡೋರಿಲ್ದೆ ಹೋಗ್ಬೇಕಾ?" ಅತ್ತೆ ಕೇಳಿದರು. "ಊಟಕ್ಕೂ ಇಲ್ಲೇ ಇರ್ತಾರೆ."

ಉಮೇಶ್ ಒಳಗೆ ಬಂದು ಮೆಲ್ಲಗೆ ಹೇಳಿದ. "ಇಂಗ್ಲಿಷ್ ಮುಂದಿನ ಸಲ ಬರಿ ತನುಜಾ. ನಾನೇ ಹೇಳಿಕೊಡ್ತೀನಿ. ಇವ್ರು ದಿನಾ ಬರಲ್ಲ."

ಬಸ್ಸು ಹೋಯಿತು. ಅದರ ಹಾರ್ನ್ ಅಡುಗೆಮನೆಗೆ ಕೇಳಿಸಿತು. ನಾನು ಕೋಳಿ ಸಾರಿಗೆ ಕಾಯಿ ತುರಿಯುತ್ತಿದ್ದೆ. ಪೇಪರಿನಲ್ಲಿ ಪತ್ನಿಯ ತ್ಯಾಗ ಎಂದು ಒಂದು ಸಾಲು ಬಂತು. ಫೋಟೋದಲ್ಲಿ ನಾನಿದ್ದೆ. ಕಾಫಿ ತಟ್ಟೆ ಮತ್ತು ಅದನ್ನು ಹಿಡಿದ ಎರಡು ಕೈ. ಉಳಿದದ್ದನ್ನು ಕತ್ತರಿಸಿದ್ದರು.

ಉಳಿದ ಇಂಗ್ಲಿಷ್ ಬರೆಯಲು ಎರಡನೇ ಪರೀಕ್ಷೆ ಬಂದಾಗ ಅತ್ತೆಗೆ ಟೈಫಾಯ್ಡ್. ಆಸ್ಪತ್ರೆಯಲ್ಲಿ ಕೂತವಳು ನಾನು. ಮಗನಿಗೆ ಅವತ್ತು ಸೊರಬದಲ್ಲಿ ಭಾಷಣ. ಇನ್ನು ಉಳಿದದ್ದು ಮೂರನೇ ಪರೀಕ್ಷೆ, ಮಳೆಗಾಲದಲ್ಲಿ. ಅದೂ ತಪ್ಪಿದರೆ ಈ ವರ್ಷ ಬಿ.ಎ.ಗೆ ಸೇರುವುದು ಹೋಯಿತು. ಇನ್ನೊಂದು ವರ್ಷ ಕಾಯುವ ತಾಳ್ಮೆ ನನ್ನಲ್ಲಿ ಇರಲಿಲ್ಲ. ಕಾದು ಕಾದು ನನಗೆ ಸಾಕಾಗಿತ್ತು.

ಆ ಪರೀಕ್ಷೆಯ ವಾರ ಉಮೇಶ್ ತೀರ್ಥಹಳ್ಳಿಯಿಂದ ಬಂದವನು ಜಗಲಿಯಲ್ಲೇ ಹೇಳಿದ.

"ಶುಕ್ರವಾರ ಸನ್ಮಾನ. ಈ ಸಲ ದಂಪತಿಗೆ. ನಿಂಗೂ ಸೀರೆ, ಕುಂಕುಮ ಎಲ್ಲ ಇದೆ. ಪೂರ್ಣೇಶ್ ಸರ್ ಅವತ್ತೇ ನನ್ನನ್ನ ಟ್ಯುಟೋರಿಯಲ್‌ಗೆ ತಗಳ್ಳೋದನ್ನ ಸ್ಟೇಜಲ್ಲಿ ಹೇಳ್ತಾರಂತೆ."

"ಶುಕ್ರವಾರ ನಂಗೆ ಇಂಗ್ಲಿಷ್," ಎಂದೆ.

ಅವನ ಮುಖ ಒಂದು ಕ್ಷಣ ಖಾಲಿಯಾಯಿತು. ಮರೆತಿದ್ದ. ಅವನ ಎಂ.ಎ. ಪರೀಕ್ಷೆಯ ತಾರೀಕು ನಮ್ಮ ಮನೆಯ ನಾಯಿಗೂ ಗೊತ್ತಿತ್ತು. ನನ್ನದನ್ನು ಅವನು ಮರೆತಿದ್ದ.

ಅದು ಸಾಲದೆಂದು ಹೂವಮ್ಮಕ್ಕನೂ ಅವತ್ತೇ ಬಂದಳು. ಉಮೇಶ್ ಬಿಡುಗಡೆಯಾದ ಮೇಲೆ ಅವಳು ನಮ್ಮ ಅಂಗಳ ತುಳಿದಿರಲಿಲ್ಲ. ಬೇಲಿಯಾಚೆ ನಿಂತು ಕೂಗಿದಳು. "ತನುಜಾ, ಶುಕ್ರವಾರ ನನ್ ಗದ್ದೆ ನಾಟಿ ಕಣೆ. ಬೆಳಿಗ್ಗೆ ಬಾ."

ಅದಕ್ಕೂ ಮುಂಚಿನ ವಾರ ಅವಳು ನಮ್ಮ ಗದ್ದೆಗೆ ಬಂದು ನೆಟ್ಟಿದ್ದಳು. ನಾನು ದಿನ ಕೊಡಬೇಕಿತ್ತು. ಸಂಜೆ ಅವಳ ಸಸಿಮಡಿಗೆ ಹೋದೆ. ಬಗ್ಗಿ ಸಸಿ ಕೀಳುತ್ತಿದ್ದಳು. ನಾನೂ ಪಕ್ಕದಲ್ಲಿ ಬಗ್ಗಿದೆ.

"ಹೂವಮ್ಮಕ್ಕ, ಒಂದಿನ ಮುಂದೆ ಹಾಕಕ್ಕೆ ಆಗಲ್ವಾ? ಅವತ್ತು ನಂಗೆ ಪರೀಕ್ಷೆ."

"ಟಿಲ್ಲರಿನವ ಅವತ್ತು ಬೆಳಿಗ್ಗೆ ಕೆಸರು ಮಾಡಿ ಕೊಟ್ಟು ಹೋತಾನೆ. ಆಮೇಲೆ ಸಿಗಲ್ಲ. ಕೆಸರು ಕೂತ್ರೆ ಸಸಿ ಇಳಿಯಲ್ಲ." ಅವಳು ಕಟ್ಟು ಬಿಗಿದು ಎಸೆದಳು. "ನೀನು ಪರೀಕ್ಷೆಗೆ ಹೋಗು. ಬದ್ಲಿ ಯಾರನ್ನಾದ್ರೂ ಕಳ್ಸು."

"ಯಾರಿದಾರೆ?"

ಇಬ್ಬರೂ ಸಸಿ ಕಿತ್ತೆವು. ಆ ಹೆಸರು ನಮ್ಮಿಬ್ಬರ ನಡುವೆ ಅಲ್ಲೇ ನಿಂತಿತ್ತು. ಕೊನೆಗೆ ನಾನೇ ಬಾಯಿಬಿಟ್ಟೆ.

"ನಮ್ಮನೇರನ್ನ ಕಳಿಸ್ಲಾ? ನೀನು ಬ್ಯಾಡ ಅಂದ್ರೆ ಬ್ಯಾಡ."

ಹೂವಮ್ಮಕ್ಕ ಇನ್ನೊಂದು ಹಿಡಿ ಸಸಿ ಕಿತ್ತಳು. ಬೇರಿನ ಮಣ್ಣನ್ನು ನೀರಿಗೆ ಬಡಿದು ಬಡಿದು ತೊಳೆದಳು.

"ಭಾಷಣದಲ್ಲಿ ನನ್ ಗಂಡನ್ ಹೆಸ್ರು ಹೇಳ್ತಾನಂತೆ," ಎಂದಳು. "ಅವನ ಸಾವು ನನ್ನನ್ನ ಮನುಷ್ಯನ್ನ ಮಾಡ್ತು ಅಂತಾನಂತೆ. ಕಾಲೇಜ್ ಮಕ್ಳು ಚಪ್ಪಾಳೆ ಹೊಡಿತಾರಂತೆ. ನನ್ ಗಂಡ ಸತ್ತಿದ್ದು ಇವ್ನು ಬಿ.ಎ. ಮಾಡಕ್ಕನಾ? ಅಷ್ಟೆಲ್ಲ ಊರು ತಿರುಗ್ದ. ನಮ್ಮನೆ ಬಾಗ್ಲಿಗೆ ಬರ್ಲಿಲ್ಲ."

"ಇಲ್ಲ."

"ಕಳ್ಸು. ನನ್ನ ಪಕ್ಕದ ಸಾಲಲ್ಲೇ ನಿಲ್ಲಿಸ್ಕತ್ತೀನಿ."

ಮನೆಗೆ ಬಂದು ಊಟಕ್ಕೆ ಬಡಿಸುವ ಮೊದಲೇ ಹೇಳಿದೆ. ಬಡಿಸಿದ ಮೇಲೆ ಹೇಳಿದರೆ ಧೈರ್ಯ ಉಳಿಯುವುದಿಲ್ಲ ಎಂದು ಗೊತ್ತಿತ್ತು.

"ಶುಕ್ರವಾರ ನನ್ನ ಬದ್ಲಿ ನೀವು ಹೂವಮ್ಮಕ್ಕನ ಗದ್ದೆಗೆ ಹೋಗಿ. ನಾನು ಪರೀಕ್ಷೆಗೆ ಹೋತೀನಿ. ತೀರ್ಥಹಳ್ಳಿಗೆ ಬರಲ್ಲ."

ಉಮೇಶ್ ನಕ್ಕ. ನಾನು ನಗಲಿಲ್ಲ. ಅವನ ನಗು ನಿಂತಿತು.

"ನಾಟಿಗಾ? ಹೆಂಗಸ್ರ ಸಾಲಲ್ಲಿ?"

"ಹೌದು."

"ಊರು ನಗಾಡ್ತದೆ. ಅದಿರ್ಲಿ, ಆ ಗದ್ದೆಗೆ ನಾನು ಹೆಂಗೆ ಕಾಲಿಡ್ಲಿ? ಯಾವ ಮುಖ ತೋರಿಸ್ಲಿ ಅವಳಿಗೆ?"

"ಸ್ಟೇಜಲ್ಲಿ ತೋರಿಸ್ತೀರಲ್ಲ, ಅದೇ ಮುಖ."

ಅತ್ತೆ ಒಳಗಿನಿಂದ ಬಂದರು. "ಓದಿದ ಮಗನ್ನ ಕೆಸರಿಗೆ ಇಳಿಸ್ತಾಳಂತೆ! ಈ ವಯಸ್ಸಲ್ಲಿ ಪಿಯುಸಿ ಪಾಸಾಗಿ ಎಂತ ಕಡಿದು ಗುಡ್ಡೆ ಹಾಕ್ತಿ? ನಿನ್ನ ಓದಿಗೆ ಬೆಂಕಿ ಬೀಳ್ಲಿ."

"ನಿಮ್ಮ ಮಗ ಓದಿದ್ದೂ ಇದೇ ವಯಸ್ಸಲ್ಲಿ ಅತ್ತೆ. ಆಗ ಕಟ್ಟು ಹಾಕಿಸಿ ಗೋಡೆಗೆ ಹಾಕಿದ್ರಿ."

"ಅವ್ನು ಗಂಡಸು ಕಣೆ!"

"ಅದಕ್ಕೇ ಕಳಿಸ್ತಿರೋದು."

ಉಮೇಶ್ ಎದ್ದು ನಿಂತ. ದನಿ ಏರಿಸಲಿಲ್ಲ. ಅವನು ಈಗ ದನಿ ಏರಿಸುವುದಿಲ್ಲ. ಅದನ್ನೂ ಜೈಲಿನಲ್ಲಿ ಕಲಿಸಿದ್ದಾರೆ. "ತನುಜಾ, ಒಂದು ಮಾತು ಹೇಳ್ಲಾ? ನಿಂಗೆ ನನ್ನ ಕಂಡ್ರೆ ಹೊಟ್ಟೆಕಿಚ್ಚು."

"ಹೌದು," ಎಂದೆ.

ಇಲ್ಲ ಎನ್ನುತ್ತೇನೆ, ಅಳುತ್ತೇನೆ, ಕ್ಷಮಿಸಿ ಎನ್ನುತ್ತೇನೆ ಎಂದು ಕಾದಿದ್ದ.

"ಹೊಟ್ಟೆಕಿಚ್ಚೇ. ನಿಮ್ಮ ಪುಸ್ತಕದ ಮೇಲೆ, ನಿಮ್ಮ ಲೈಬ್ರರಿ ಮೇಲೆ, ನಿಮ್ಮ ಕೈ ಮೇಲೆ. ನೀವು ಒಳಗೆ ಕೂತು ಓದಿದ ಒಂದೊಂದು ದಿನಕ್ಕೂ ನಾನು ಹೊರಗೆ ಬಗ್ಗಿದ್ದೀನಿ. ಪೇಪರಲ್ಲಿ ಅದನ್ನ ತ್ಯಾಗ ಅಂತ ಬರ್ಸಿದ್ರಿ. ತ್ಯಾಗ ಅಲ್ಲ ಅದು. ಮುಯ್ಯಿ. ನನ್ನ ದಿನ ತಿರುಗಿ ಕೊಡಿ. ಶುಕ್ರವಾರದಿಂದ ಶುರು ಮಾಡಿ."

ಒಲೆಯ ಮೇಲೆ ಸಾರು ಉಕ್ಕಿತು. ಯಾರೂ ಇಳಿಸಲಿಲ್ಲ. ನಾನೂ ಇಳಿಸಲಿಲ್ಲ.

ಮರುದಿನ ಅವನು ಫೋನು ಹಿಡಿದು ಬೇಲಿಯ ಹತ್ತಿರ ನಿಂತು ಬಹಳ ಹೊತ್ತು ಮಾತಾಡಿದ. ಒಳಗೆ ಬಂದವನ ಮುಖ ಅರಳಿತ್ತು.

"ಪೂರ್ಣೇಶ್ ಸರ್ ಬಹಳ ಒಳ್ಳೇ ವಿಚಾರ ಅಂದ್ರು. ಕಾರ್ಯಕ್ರಮ ಸಂಜೆ. ಬೆಳಿಗ್ಗೆ ನಾನು ಗದ್ದೆಗೆ ಹೋಗ್ತೀನಿ."

ನನಗೆ ಆ ಅರಳಿದ ಮುಖ ಸರಿಬರಲಿಲ್ಲ. ಆದರೆ ಹೋಗುತ್ತೇನೆ ಎಂದನಲ್ಲ. ಸುಮ್ಮನಾದೆ.

ಶುಕ್ರವಾರ ಬಸ್ಸಿನಲ್ಲಿ ಹೊಸನಗರಕ್ಕೆ ಹೋದೆ. ಕಾಲೇಜಿನ ಗೇಟಿನಲ್ಲಿ ಒಬ್ಬರು ಕೈ ಅಡ್ಡ ಹಿಡಿದರು. "ಅಮ್ಮಾ, ಪೋಷಕರು ಹೊರಗೇ ನಿಲ್ಬೇಕು." ಹಿಂದೆ ನಿಂತ ಹುಡುಗಿಯರು ಕಿಸಕ್ಕೆಂದರು. ಹಾಲ್ ಟಿಕೆಟ್ ತೋರಿಸಿದೆ. ಅವರು ಫೋಟೋ ನೋಡಿದರು, ನನ್ನ ಮುಖ ನೋಡಿದರು, ಮತ್ತೆ ಫೋಟೋ ನೋಡಿದರು. ಜೈಲಿನ ಗೇಟಿನಲ್ಲೂ ಇಷ್ಟು ಸಲ ನೋಡುತ್ತಿರಲಿಲ್ಲ.

ನನ್ನ ಪಕ್ಕದ ಬೆಂಚಿನ ಹುಡುಗಿಗೆ ಮೂರು ಪೆನ್ನು, ಗುಲಾಬಿ ಬಣ್ಣದ ನೀರಿನ ಬಾಟಲು. ಅವಳ ತಾಯಿ ಹೊರಗೆ ಕೊಡೆ ಹಿಡಿದು ಕಾಯುತ್ತಿದ್ದಳು. ಅವಳ ಮೇಲೂ ಹೊಟ್ಟೆಕಿಚ್ಚಾಯಿತು. ಫೇಲಾಗಿ ಬಂದು ಕೂತ ಹುಡುಗಿ ಪಾಪ, ಅವಳಿಗೇನು ಸುಖವೋ. ಆದರೂ ಆಯಿತು. ಯಾರೋ ಹೊರಗೆ ಕಾಯುತ್ತಿದ್ದಾರೆ ಎಂದು ಗೊತ್ತಿದ್ದು ಪರೀಕ್ಷೆ ಬರೆಯುವುದು ಹೇಗಿರುತ್ತದೆ ಎಂದು ನನಗೆ ಗೊತ್ತಿಲ್ಲ.

ಪ್ರಶ್ನೆಪತ್ರಿಕೆ ಬಂತು. ಹೆಬ್ಬೆರಳಿನ ಬಿರುಕಿನಲ್ಲಿ ಪೆನ್ನು ಒತ್ತಿ ನೋವಾಗುತ್ತಿತ್ತು. ಪೆನ್ನನ್ನು ಸ್ವಲ್ಪ ಮೇಲೆ ಹಿಡಿದು ಬರೆದೆ. ಗೊತ್ತಿದ್ದದ್ದನ್ನೆಲ್ಲ ಬರೆದೆ. ಗೊತ್ತಿಲ್ಲದ್ದನ್ನೂ ಬಿಡಲಿಲ್ಲ. ಇನ್ನೊಂದು ಹಾಳೆ ಕೇಳಿ ಪಡೆದೆ. ಪಾಸಾಗುತ್ತೇನೆ. ಹೊರಗೆ ಬರುವಾಗಲೇ ನನಗೆ ಗೊತ್ತಾಯಿತು. ಕಾಲೇಜಿನ ಮೆಟ್ಟಿಲ ಮೇಲೆ ಒಬ್ಬಳೇ ನಿಂತು ನಕ್ಕೆ.

ಬಸ್ಸಿನಲ್ಲಿ ಫೋನು ತೆರೆದೆ. ನಮ್ಮ ಮಹಿಳಾ ಸಂಘದ ಗ್ರೂಪಿಗೆ ಯಾರೋ ಫೋಟೋ ಹಾಕಿದ್ದರು. ಉಮೇಶ್ ಗದ್ದೆಯಲ್ಲಿ ನಿಂತಿದ್ದಾನೆ. ಪಂಚೆ ಎತ್ತಿ ಕಟ್ಟಿದ್ದಾನೆ. ಎರಡು ಕೈಯಲ್ಲೂ ಸಸಿಯ ಕಟ್ಟು. ಕಣ್ಣು ಕೆಳಗೆ. ಅವನ ಹಿಂದೆ ಹೂವಮ್ಮಕ್ಕನ ಬಗ್ಗಿದ ಬೆನ್ನು, ನೀಲಿ ಪ್ಲಾಸ್ಟಿಕ್ ಕೊಪ್ಪೆ. ಮುಖವಿಲ್ಲ. ಕೆಳಗೆ ಬರೆದಿದ್ದರು, ಪಶ್ಚಾತ್ತಾಪದ ನಾಟಿ, ತೀರ್ಥಹಳ್ಳಿಯಲ್ಲಿ ಇಂದು ಸಂಜೆ ಸನ್ಮಾನ. ಅದರ ಕೆಳಗೆ ಕೈಮುಗಿದ ಚಿತ್ರಗಳು, ಹೃದಯದ ಚಿತ್ರಗಳು ಸಾಲುಸಾಲು. ಇಂಥ ಗಂಡ ಸಿಗಲು ಪುಣ್ಯ ಮಾಡಿರಬೇಕು ತನುಜಕ್ಕ, ಎಂದು ಒಬ್ಬಳು ಬರೆದಿದ್ದಳು.

ನನ್ನ ಮೈ ಉರಿದುಹೋಯಿತು. ಅಷ್ಟು ವರ್ಷ ನಾನು ಅದೇ ಗದ್ದೆಯಲ್ಲಿ ಬಗ್ಗಿದ್ದೆ. ಒಬ್ಬರೂ ಒಂದು ಫೋಟೋ ತೆಗೆಯಲಿಲ್ಲ. ಅವನು ಒಂದು ಬೆಳಿಗ್ಗೆ ಇಳಿದ. ನನ್ನ ಕೆಸರನ್ನೂ ಅವನೇ ತೆಗೆದುಕೊಂಡ.

ಬಸ್ಸಿಳಿದು ಮನೆಗೆ ಹೋಗಲಿಲ್ಲ. ಸೀದಾ ಗದ್ದೆಗೆ ಹೋದೆ. ಹೂವಮ್ಮಕ್ಕ ಅಂಚಿನ ಮೇಲೆ ಕೂತು ಎಲೆಗೆ ಸುಣ್ಣ ಹಚ್ಚುತ್ತಿದ್ದಳು. ಉಳಿದ ಹೆಂಗಸರು ಹೋಗಿದ್ದರು. ಗದ್ದೆ ಹಸಿರಾಗಿತ್ತು. ಅವಳ ಸಾಲಿನ ಪಕ್ಕದಲ್ಲಿ ಮಾತ್ರ ಅರ್ಧದಿಂದಾಚೆ ಉದ್ದಕ್ಕೆ ಬರಿಯ ಕೆಸರು. ಸಸಿಯ ಕಟ್ಟುಗಳು ಅಲ್ಲೇ ಬಿದ್ದಿದ್ದವು.

"ಎಲ್ಲಿ?" ಎಂದೆ.

"ಮಧ್ಯಾಹ್ನಕ್ಕೆ ಕೈ ತೊಳ್ಕಂಡು ಕಾರು ಹತ್ತಿದ. ಎಂತಕ್ಕಪ್ಪಾ, ಇನ್ನೂ ಅರ್ಧ ಉಂಟಲ್ಲ ಅಂದೆ. ನಾನು ಗಂಡಾಳು, ಒಂದಕ್ಕೆ ಎರಡು, ಅರ್ಧ ದಿನಕ್ಕೆ ತನುಜಂದು ಒಂದ್ ದಿನ ತೀರ್ತು ಅಂದ." ಅವಳು ಎಲೆ ಮಡಚಿ ಬಾಯಿಗಿಟ್ಟಳು. "ತಮಾಷೆಗಲ್ಲ ಮಾರಾಯ್ತಿ. ಲೆಕ್ಕ ಸರೀನೇ ಅಂತ ಅಂದ್ಕಂಡೇ ಹೇಳ್ದ."

ನನಗೆ ಗೊತ್ತು. ಊರಲ್ಲಿ ಯಾವ ಗಂಡಸನ್ನು ಕೇಳಿದರೂ ಹಾಗೇ ಹೇಳುತ್ತಿದ್ದ. ಬಿ.ಎ. ಓದಿದರೂ, ಎಂ.ಎ. ಓದಿದರೂ ಅಷ್ಟೇ.

"ನಿನ್ನತ್ರ ಏನಾದ್ರೂ ಮಾತಾಡಿದ್ರಾ?"

"ಪಟ ತೆಗಿಯೋರು ಹೋದ ಮೇಲೆ ಒಂದ್ ಮಾತು ಆಡ್ದ. ತಪ್ಪಾಯ್ತಕ್ಕ ಅಂದ. ಬಗ್ಗಿಕಂಡೇ ಅಂದ, ನನ್ ಮುಖ ನೋಡ್ಲಿಲ್ಲ." ಅವಳು ಕೆಸರಿನ ಕಡೆ ನೋಡಿದಳು. "ಮೊದ್ಲು ಸಸಿ ನೆಡು ಅಂದೆ. ಆಮೇಲೆ ಕಾರು ಬಂತು."

ನಾನು ಚೀಲವನ್ನು ಅಂಚಿನ ಮೇಲಿಟ್ಟು ಸೀರೆ ಎತ್ತಿ ಕಟ್ಟಿದೆ. ಉಳಿದ ಸಾಲು ಮುಗಿಸಿಬಿಡೋಣ ಎಂದು. ಕಾಲು ತಾನೇ ಇಳಿಯಿತು. ಅಭ್ಯಾಸ ಹಾಗೆ. ಹೂವಮ್ಮಕ್ಕ ನನ್ನ ರಟ್ಟೆ ಹಿಡಿದು ಎಳೆದಳು.

"ಹತ್ತು ಮೇಲೆ."

"ಸಸಿ ಒಣಗ್ತದೆ ಹೂವಮ್ಮಕ್ಕ."

"ನೀರಲ್ಲಿಡ್ತೀನಿ, ಒಣಗಲ್ಲ. ನೀನು ಇಳಿದ್ರೆ ಅವ್ನು ತೀರಿಸ್ದಂಗೆ ಆತದೆ. ಎಷ್ಟು ದಿನ ಅಂತ ತೀರಿಸ್ತಿ ಅವ್ನ ಪಾಲು?" ಅವಳು ರಟ್ಟೆ ಬಿಡಲಿಲ್ಲ. "ಹೇಳು ಅವಂಗೆ. ನಾಟಿಯಲ್ಲಿ ಗಂಡಾಳಿಲ್ಲ, ಹೆಣ್ಣಾಳಿಲ್ಲ, ಸೊಂಟ ಮಾತ್ರ. ಇವತ್ತು ಪಟಕ್ಕಾಯ್ತು. ನಾಳೆ ಮುಯ್ಯಿಗೆ ಬರ್ಲಿ. ಫೋನು ಬ್ಯಾಡ, ಕಾರು ಬ್ಯಾಡ."

ನಾನು ಮೇಲೆ ಹತ್ತಿದೆ. ಕಾಲು ತೊಳೆದುಕೊಂಡೆ. ಅವಳು ಕೇಳಿದಳು, "ಪರೀಕ್ಷೆ ಎಂತಾಯ್ತು?"

"ಪಾಸಾಗ್ತೀನಿ."

"ಆಗು," ಎಂದಳು. ಅವತ್ತು ನನ್ನ ಪರೀಕ್ಷೆಯ ಬಗ್ಗೆ ಕೇಳಿದವಳು ಅವಳೊಬ್ಬಳೇ.

ರಾತ್ರಿ ಊಟದ ಹೊತ್ತಿಗೆ ಉಮೇಶ್ ಬಂದ. ಕಾರಿನಿಂದ ಇಳಿಯುವಾಗಲೇ ಸೊಂಟ ಹಿಡಿದುಕೊಂಡಿದ್ದ. ಹೆಗಲ ಮೇಲೆ ಶಾಲು, ಕೈಯಲ್ಲಿ ಹಣ್ಣಿನ ಬುಟ್ಟಿ. ಟ್ಯುಟೋರಿಯಲ್ ಕೆಲಸವೂ ಸ್ಟೇಜಿನ ಮೇಲೆ ಘೋಷಣೆಯಾಗಿತ್ತು. ಜಗಲಿಯ ಬೆಂಚಿನ ಮೇಲೆ ಅಂಗಾತ ಮಲಗಿ ಅಮ್ಮಾ ಎಂದ. ಅತ್ತೆ ಓಡಿ ಬಂದರು.

"ಪಾಪ, ರೂಢಿ ಇಲ್ದೆ ಸೊಂಟ ಹಿಡಿದೋಗಿದೆ ಮಗಂಗೆ. ಹಂಡೆ ಕಾಸಿದೀನಿ, ಬಿಸಿಬಿಸಿ ನೀರು ಹೊಯ್ಕಂಡ್ರೆ ಬಿಡ್ತದೆ, ಏಳಪ್ಪಾ."

ನಾನು ಬಚ್ಚಲ ಕಡೆ ನೋಡಿದೆ. ಹಂಡೆಯ ಕೆಳಗೆ ಕುಂಟೆ ಕಟ್ಟಿಗೆ ಧಗಧಗ ಉರಿಯುತ್ತಿತ್ತು. ನೀರಿನ ಆವಿ ಬಾಗಿಲವರೆಗೆ ಬಂದಿತ್ತು. ಅಷ್ಟು ವರ್ಷ ನಾಟಿ ಮುಗಿಸಿ ಬಂದಿದ್ದೆ ನಾನು. ನಡುಗುತ್ತ ಬಂದಿದ್ದೆ, ರಕ್ತ ಸುರಿಸುತ್ತ ಬಂದಿದ್ದೆ. ಬಂದವಳು ಮೊದಲು ಒಲೆ ಹಚ್ಚುತ್ತಿದ್ದೆ, ಅನ್ನಕ್ಕೆ. ನನಗೆಂದು ಆ ಹಂಡೆಯ ಕೆಳಗೆ ಯಾರೂ ಒಂದು ಕಡ್ಡಿ ಗೀರಿರಲಿಲ್ಲ.

"ಹೂವಮ್ಮಕ್ಕ ಹೇಳಿ ಕಳಿಸಿದಾಳೆ," ಎಂದೆ. "ನಾಳೆ ಬೆಳಿಗ್ಗೆ ಬರಬೇಕಂತೆ. ಸಾಲು ಅರ್ಧ ಉಳಿದಿದೆ."

ಅವನು ತಲೆ ಎತ್ತಿದ. "ತೀರ್ತಲ್ಲ? ಗಂಡಾಳಿನ ಲೆಕ್ಕದಲ್ಲಿ..."

"ನಾಟಿಗೆ ಗಂಡಾಳಿನ ಲೆಕ್ಕ ಇಲ್ಲಂತೆ. ಫೋನು ಮನೇಲಿಟ್ಟು ಹೋಗಬೇಕಂತೆ."

"ನಾಳೆ ಸಾಗರದಲ್ಲಿ ಕಾರ್ಯಕ್ರಮ ಇದೆ ಕಣೆ."

"ಅದು ನಿಮಗೂ ಹೂವಮ್ಮಕ್ಕಂಗೂ ಬಿಟ್ಟಿದ್ದು. ಹೋಗಲ್ಲ ಅಂದ್ರೆ ನೀವೇ ಅವಳ ಬಾಗ್ಲಿಗೆ ಹೋಗಿ ಹೇಳಿ ಬನ್ನಿ."

ಅವನು ಎದ್ದು ಕೂತ. ಶಾಲನ್ನು ಹೆಗಲಿಂದ ತೆಗೆದು ಬೆಂಚಿನ ಮೇಲಿಟ್ಟ. ಹೋಗುತ್ತಾನೆ ಎಂದು ನನಗೆ ಗೊತ್ತಾಯಿತು. ಆ ಬಾಗಿಲಿಗೆ ಹೋಗುವುದಕ್ಕಿಂತ ಕೆಸರೇ ಅವನಿಗೆ ಸುಲಭ.

ನಾನು ಹಗ್ಗದ ಮೇಲಿಂದ ಟವೆಲು ಎಳೆದುಕೊಂಡೆ. ಬಚ್ಚಲಿಗೆ ನಡೆದೆ.

"ಏಯ್, ಎಲ್ಲಿ ಹೋತೀಯೇ?" ಅತ್ತೆ ಕೂಗಿದರು. "ಅದು ಅವಂಗೆ ಕಾಸಿದ್ದು!"

ಬಾಗಿಲು ಹಾಕಿ ಅಗಳಿ ಜಡಿದೆ. ಅತ್ತೆ ಬಾಗಿಲು ಬಡಿದರು. ನೀರು ತೋಡಿ ಸೊಂಟಕ್ಕೆ ಸುರಿದುಕೊಂಡೆ. ಸುಡುತ್ತಿತ್ತು. ಇನ್ನೊಂದು ತಂಬಿಗೆ ಸುರಿದುಕೊಂಡೆ. ಕಾಲ್ಬೆರಳ ಸಂದಿಗೆ, ಬೆನ್ನಿಗೆ, ಹೆಬ್ಬೆರಳ ಬಿರುಕಿಗೆ. ಬಡಿಯುವುದು ನಿಂತಿತು. ಆಮೇಲೆ ಉಮೇಶನ ದನಿ, ಮೆಲ್ಲಗೆ, "ತನುಜಾ, ನಂಗೆ ಸ್ವಲ್ಪ ಬಿಡು." ನಾನು ಮತ್ತೊಂದು ತಂಬಿಗೆ ತೋಡಿದೆ. ಅವನು ಹೊರಗೆ ಕಲ್ಲಿನ ಮೇಲೆ ಕೂತದ್ದು ಕೇಳಿಸಿತು. ಕಾಯುತ್ತ ಕೂತ. ಹಂಡೆಯ ತಳಕ್ಕೆ ತಂಬಿಗೆ ತಾಗುವವರೆಗೆ ನಾನು ಮಿಂದೆ.